ರಸೀದಿಯಲ್ಲಿ ಕಾಣದ ಶುಲ್ಕ



ಸರಕಾರದ ಯಾವುದೇ ಕಚೇರಿಯ ಗೋಡೆಯನ್ನು ನೋಡಿರಿ. ಅಲ್ಲಿ ಒಂದು ಫಲಕವಿರುತ್ತದೆ. ಇಂತಹ ಪ್ರಮಾಣಪತ್ರಕ್ಕೆ ಇಷ್ಟು ರೂಪಾಯಿ, ಇಂತಹ ಪರವಾನಿಗೆಗೆ ಇಷ್ಟು ದಿನ ಎಂದು ಅದರ ಮೇಲೆ ಬರೆದಿರುತ್ತದೆ. ಆ ಫಲಕ ಸುಳ್ಳು ಹೇಳುತ್ತದೆಂದು ನಾವು ಹೇಳುವುದಿಲ್ಲ. ಆದರೆ ಅದು ಹೇಳುವುದು ಸತ್ಯದ ಅತ್ಯಲ್ಪ ಭಾಗವನ್ನು ಮಾತ್ರ. ಒಬ್ಬ ಕೃಷಿಕನು, ಒಬ್ಬ ನೇಕಾರನು, ಒಬ್ಬ ವಿಧವೆಯು ಸರಕಾರದ ಒಂದು ಮುದ್ರೆಗಾಗಿ ನಿಜವಾಗಿ ತೆರುವ ಬೆಲೆಯನ್ನು ಬರೆಯಬಲ್ಲ ಫಲಕವನ್ನು ಯಾವ ಇಲಾಖೆಯೂ ಇದುವರೆಗೆ ತೂಗುಹಾಕಿಲ್ಲ. ಆ ಬೆಲೆಯನ್ನು ಕುರಿತು ಈ ತಿಂಗಳು ತಮ್ಮೊಡನೆ ಸ್ವಲ್ಪ ನಿಷ್ಠುರವಾಗಿಯೇ ಮಾತನಾಡಬೇಕೆಂದಿದ್ದೇವೆ.

ಮೊದಲಿಗೇ ಒಂದು ಮಾತನ್ನು ಸ್ಪಷ್ಟಪಡಿಸುತ್ತೇವೆ. ಪರವಾನಿಗೆಗಳೇ ಬೇಡವೆಂಬ ಪಕ್ಷ ನಮ್ಮದಲ್ಲ. 2022ನೆಯ ಒಂದೇ ವರ್ಷದಲ್ಲಿ ಈ ದೇಶದ ರಸ್ತೆಗಳ ಮೇಲೆ ಅಪಘಾತಗಳಲ್ಲಿ ಮಡಿದವರು 1,68,491 ಮಂದಿ. ಇದು ಕೇಂದ್ರ ಸರಕಾರವೇ ಪ್ರಕಟಿಸಿದ ಲೆಕ್ಕ. ವಾಹನ ನಡೆಸಲು ಬಾರದವನ ಕೈಗೆ ವಾಹನ ಹೋಗಬಾರದು. ಔಷಧಿಯನ್ನು ಅರಿಯದವನು ಔಷಧಿ ಮಾರಬಾರದು. ಕಟ್ಟಡದ ನಕ್ಷೆಯನ್ನು ಬಲ್ಲವರು ನೋಡದೆ ನಾಲ್ಕು ಅಂತಸ್ತು ಏಳಬಾರದು. ಇದರಲ್ಲಿ ಎರಡು ಮಾತಿಲ್ಲ. ಕಲಬುರಗಿ, ವಿಜಯಪುರದ ಕಡೆ ಮನೆಯಲ್ಲಿಯೇ ಜೋಳದ ರೊಟ್ಟಿ ಬಡಿದು ಮಾರುವ ತಾಯಂದಿರು ಆಹಾರ ಸುರಕ್ಷತೆಯ 2011ರ ನಿಯಮಾವಳಿಯಂತೆ ವರ್ಷಕ್ಕೆ ನೂರು ರೂಪಾಯಿ ಕೊಟ್ಟು ನೋಂದಣಿ ಮಾಡಿಸಬೇಕೆಂದಾಗ ಕೆಲವರು ಗೊಣಗಿದ್ದುಂಟು. ನಮಗೆ ಅದು ಅನ್ಯಾಯವೆಂದು ತೋರಲಿಲ್ಲ. ಧಾರ್ಮಿಕ, ಸಾಮಾಜಿಕ ಸಮಾರಂಭಗಳಲ್ಲಿ ಅನ್ನ ಬಡಿಸುವವರನ್ನೂ ಅದೇ ನಿಯಮಾವಳಿ ತನ್ನ ವ್ಯಾಖ್ಯೆಯೊಳಗೆ ತಂದಿದೆ. ದಾಸೋಹದ ಅಡುಗೆಮನೆ ಶುಚಿಯಾಗಿರಬೇಕೆಂದು ಕೇಳಿದರೆ ಅದರಿಂದ ದಾಸೋಹಕ್ಕೆ ಅವಮಾನವೇನೂ ಆಗದು.

ಆದುದರಿಂದ ನಮ್ಮ ವಾದ ಇರುವುದು ಬೇರೆ ಕಡೆ. ಸರಕಾರವು ಶುಲ್ಕವೆಂದು ಪಡೆಯುವ ಹಣ ಯಾತಕ್ಕಾಗಿ? ಶುಲ್ಕದಾಚೆಗೆ ಅದು ಲೆಕ್ಕವಿಡದೆ ಪಡೆಯುವುದೇನು? ಅದನ್ನು ಯಾರಿಂದ ಪಡೆಯುತ್ತದೆ?

ಮುದ್ರೆಗೆ ಬೆಲೆ ಕಟ್ಟುವುದು ಹೊಸ ವಿದ್ಯೆಯಲ್ಲ. ಮೈಸೂರಿನ ಪ್ರಾಚ್ಯ ಗ್ರಂಥಾಲಯದಲ್ಲಿ ಆರ್. ಶಾಮಾಶಾಸ್ತ್ರಿಗಳು 1905ರಲ್ಲಿ ಬೆಳಕಿಗೆ ತಂದು 1909ರಲ್ಲಿ ಪ್ರಕಟಿಸಿದ ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಮುದ್ರಾಧ್ಯಕ್ಷನೆಂಬ ಅಧಿಕಾರಿಯ ಪ್ರಸ್ತಾಪವಿದೆ. ನಾಡಿನೊಳಗೆ ಬರುವವರಿಗೂ ಹೊರಗೆ ಹೋಗುವವರಿಗೂ ಅಪ್ಪಣೆಯ ಮುದ್ರೆ ಕೊಡುವುದು ಅವನ ಕೆಲಸ. ಮುದ್ರೆಯೊಂದಕ್ಕೆ ಶುಲ್ಕ ಒಂದು ಮಾಷ. ಮುದ್ರೆಯಿಲ್ಲದೆ ಸಿಕ್ಕಿಬಿದ್ದ ನಾಡಿಗನಿಗೆ ದಂಡ ಹನ್ನೆರಡು ಪಣ. ಹದಿನಾರು ಮಾಷಕ್ಕೆ ಒಂದು ಪಣವೆಂದು ಎಣಿಸಿದರೆ ದಂಡವು ಶುಲ್ಕದ 192 ಪಟ್ಟಾಯಿತು. ಶುಲ್ಕವನ್ನು ಕಡಿಮೆಯಿಟ್ಟು ದಂಡವನ್ನು ಹೆಚ್ಚಿಸುವುದರಲ್ಲಿ ಒಂದು ವಿವೇಕವಿದೆ: ಮುದ್ರೆ ಪಡೆಯುವುದು ಸುಲಭವಾಗಿರಬೇಕು, ಪಡೆಯದಿರುವುದಕ್ಕೆ ನೆಪವಿರಬಾರದು. ನಮ್ಮ ಕಾಲದ ಸರಕಾರಗಳು ದಂಡದ ಭಾಗವನ್ನು ಚೆನ್ನಾಗಿ ಕಲಿತಿವೆ. ಪರವಾನಿಗೆಯಿಲ್ಲದೆ ವಾಹನ ನಡೆಸುವವನಿಗಿದ್ದ 500 ರೂಪಾಯಿ ದಂಡವನ್ನು 2019ರ ತಿದ್ದುಪಡಿ 5,000ಕ್ಕೆ ಏರಿಸಿತು. ಆ ತಿದ್ದುಪಡಿಯ ಕೆಲವು ದಂಡಗಳನ್ನು ಅನಂತರ ನಮ್ಮ ರಾಜ್ಯವು ಇಳಿಸಿದ್ದು ಬೇರೆ ಮಾತು. ಆದರೆ ಮುದ್ರೆ ಸುಲಭವಾಗಿ ದೊರೆಯಬೇಕೆಂಬ ಮೊದಲನೆಯ ಭಾಗ ಎಲ್ಲಿಯೋ ಜಾರಿಹೋಗಿದೆ.

ಶುಲ್ಕವೆಂದರೇನು, ತೆರಿಗೆಯೆಂದರೇನು ಎಂಬ ವಿವೇಚನೆಗೆ ಸ್ವತಂತ್ರ ಭಾರತದಲ್ಲಿ ಅಡಿಪಾಯ ಹಾಕಿದ್ದು ಒಂದು ಮಠದ ವ್ಯಾಜ್ಯವೆಂಬುದು ನಮ್ಮ ಭಕ್ತರಲ್ಲಿ ಬಹಳ ಮಂದಿಗೆ ತಿಳಿಯದು. ಉಡುಪಿಯ ಶಿರೂರು ಮಠದ ಶ್ರೀ ಲಕ್ಷ್ಮೀಂದ್ರತೀರ್ಥ ಸ್ವಾಮಿಗಳು ಮದರಾಸಿನ ಹಿಂದೂ ಧಾರ್ಮಿಕ ದತ್ತಿ ಇಲಾಖೆಯ ಕಮಿಷನರರ ಎದುರು ನಡೆಸಿದ ಮೊಕದ್ದಮೆ ಅದು. ದಕ್ಷಿಣ ಕನ್ನಡ ಆಗ ಮದರಾಸು ಪ್ರಾಂತಕ್ಕೆ ಸೇರಿತ್ತು. 1951ರ ಮದರಾಸು ಕಾಯ್ದೆಯ ಪ್ರಕಾರ ಧಾರ್ಮಿಕ ಸಂಸ್ಥೆಗಳು ತಮ್ಮ ಆದಾಯದಲ್ಲಿ ಶೇಕಡಾ ಐದನ್ನು ಮೀರದಂತೆ ಸರಕಾರಕ್ಕೆ ವಾರ್ಷಿಕ ವಂತಿಗೆ ಕೊಡಬೇಕಾಗಿತ್ತು. ಸರಕಾರ ತಾನು ಮಾಡುವ ಸೇವೆಗೆ ಪಡೆಯುವ ಶುಲ್ಕ ಅದೆಂಬುದು ಅಧಿಕಾರಿಗಳ ವಾದ. 1954ರ ಮಾರ್ಚ್ ತಿಂಗಳಲ್ಲಿ ಸರ್ವೋಚ್ಚ ನ್ಯಾಯಾಲಯದ ಏಳು ಮಂದಿ ನ್ಯಾಯಮೂರ್ತಿಗಳ ಪೀಠ ಅದನ್ನು ಒಪ್ಪಲಿಲ್ಲ. ನ್ಯಾಯಮೂರ್ತಿ ಬಿ. ಕೆ. ಮುಖರ್ಜಿಯವರು ಬರೆದ ಆ ತೀರ್ಪಿನ ತಿರುಳನ್ನು ನಮ್ಮ ಮಾತಿನಲ್ಲಿ ಹೇಳುವುದಾದರೆ ಹೀಗೆ: ಪ್ರತಿಯಾಗಿ ಇಂಥದನ್ನೇ ಕೊಡುತ್ತೇನೆಂಬ ಹೊಣೆಯಿಲ್ಲದೆ ಪ್ರಭುತ್ವ ಕಡ್ಡಾಯವಾಗಿ ಪಡೆಯುವುದು ತೆರಿಗೆ; ಕೊಡುವವನಿಗೆ ಮಾಡಿದ ನಿರ್ದಿಷ್ಟ ಸೇವೆಗಾಗಿ, ಆ ಸೇವೆಯ ವೆಚ್ಚಕ್ಕೆ ಸಂಬಂಧವಿರಿಸಿಕೊಂಡು ಪಡೆಯುವುದು ಶುಲ್ಕ. ಮಠಗಳಿಂದ ಪಡೆದ ಹಣ ಸರಕಾರದ ಸಾಮಾನ್ಯ ಬೊಕ್ಕಸ ಸೇರುತ್ತಿತ್ತು. ಮಾಡಿದ ವೆಚ್ಚಕ್ಕೂ ಪಡೆದ ಮೊತ್ತಕ್ಕೂ ತಾಳೆಯಿರಲಿಲ್ಲ. ಹಾಗಾಗಿ ಅದು ಹೆಸರಿಗೆ ವಂತಿಗೆ, ವಾಸ್ತವದಲ್ಲಿ ತೆರಿಗೆ. ಅಂತಹ ತೆರಿಗೆ ಹಾಕುವ ಅಧಿಕಾರ ಆ ಶಾಸನಸಭೆಗಿಲ್ಲ ಎಂದು ನ್ಯಾಯಾಲಯ ಹೇಳಿತು.

ಈ ತೀರ್ಪನ್ನು ಇಂದು ನೆನೆಯುವವರು ಧರ್ಮಸ್ವಾತಂತ್ರ್ಯದ ಸಲುವಾಗಿ ನೆನೆಯುತ್ತಾರೆ. ಅದು ಸರಿಯೇ. ಆದರೆ ಶ್ರೀಸಾಮಾನ್ಯನಿಗೆ ಅದರ ಇನ್ನೊಂದು ಅರ್ಧವೇ ಹೆಚ್ಚು ಬೆಲೆಬಾಳುವಂಥದು. ಅನಂತರದ ದಶಕಗಳಲ್ಲಿ ನ್ಯಾಯಾಲಯಗಳೇ ಆ ಗೆರೆಯನ್ನು ತೆಳುವಾಗಿಸುತ್ತ ಬಂದವು. ಕಲಕತ್ತೆಯ ಒಂದು ಚಿತ್ರಮಂದಿರದ ಲೈಸೆನ್ಸ್ ಶುಲ್ಕವನ್ನು ಅಲ್ಲಿಯ ಕಾರ್ಪೊರೇಷನ್ 1958ರಲ್ಲಿ ವರ್ಷಕ್ಕೆ 400 ರೂಪಾಯಿಗಳಿಂದ 6,000 ರೂಪಾಯಿಗಳಷ್ಟಾಗುವಂತೆ ಏರಿಸಿದಾಗ, ಇದು ಹೆಸರಿಗೆ ಲೈಸೆನ್ಸ್ ಶುಲ್ಕವಾದರೂ ವಾಸ್ತವದಲ್ಲಿ ತೆರಿಗೆ, ಆದಕಾರಣ ಸಿಂಧು ಎಂದು ಬಹುಮತದ ತೀರ್ಪು ಬಂದಿತು! ವಸೂಲಿಯಾದ ಹಣದ ಬಹುಪಾಲು ಕೊಟ್ಟವನ ಸೇವೆಗೇ ಸಲ್ಲಬೇಕೆಂದು 1979ರಲ್ಲಿ ಪಂಜಾಬಿನ ಮಾರುಕಟ್ಟೆ ಶುಲ್ಕದ ಮೊಕದ್ದಮೆಯಲ್ಲಿ ಮತ್ತೆ ಬಿಗಿಹಿಡಿದರು. 1983ರಲ್ಲಿ ಆಂಧ್ರದ ಮೊಕದ್ದಮೆಯಲ್ಲಿ ಅಷ್ಟು ಕಟ್ಟುನಿಟ್ಟು ಬೇಕಿಲ್ಲವೆಂದು ಸಡಿಲಿಸಿದರು. ಕಾನೂನಿನ ಸೂಕ್ಷ್ಮಗಳನ್ನು ವಕೀಲರಿಗೆ ಬಿಡೋಣ. ಧರ್ಮದ ದೃಷ್ಟಿಯಿಂದ ಮಾತ್ರ ಶಿರೂರು ಮಠದ ತೀರ್ಪಿನ ಮಾತೇ ಇಂದಿಗೂ ಸರಿಯೆಂದು ನಾವು ಹೇಳುತ್ತೇವೆ. ಸೇವೆಯ ಹೆಸರಿನಲ್ಲಿ ಪಡೆದ ಹಣಕ್ಕೆ ಸೇವೆ ಮಾಡಿರಬೇಕು. ಮಾಡದೆ ಪಡೆದರೆ ಅದಕ್ಕೆ ಬೇರೆ ಹೆಸರುಗಳಿವೆ.

ಈ ಅಳತೆಗೋಲನ್ನು ಹಿಡಿದು ಇತ್ತೀಚಿನ ಎರಡು ಕ್ರಮಗಳನ್ನು ಅಳೆಯೋಣ. ನಮ್ಮ ರಾಜ್ಯದಲ್ಲಿ ಆಸ್ತಿಯ ನೋಂದಣಿ ಶುಲ್ಕ ಆಸ್ತಿಮೌಲ್ಯದ ಶೇಕಡಾ ಒಂದರಷ್ಟಿತ್ತು. 2025ರ ಆಗಸ್ಟ್ 31ರಿಂದ ಅದು ಶೇಕಡಾ ಎರಡಾಯಿತು. ಮುದ್ರಾಂಕ ಶುಲ್ಕ ಬೇರೆ, ಅದರ ಮೇಲಿನ ಸೆಸ್ಸು ಸರ್ಚಾರ್ಜುಗಳು ಬೇರೆ. ಹತ್ತು ಲಕ್ಷ ರೂಪಾಯಿಯ ಹೊಲ ಕೊಂಡ ರೈತ ಆಗಸ್ಟ್ 30ರವರೆಗೆ ನೋಂದಣಿಗೆಂದು 10,000 ರೂಪಾಯಿ ಕಟ್ಟುತ್ತಿದ್ದನು, ಮರುದಿನದಿಂದ 20,000. ಆ ಒಂದು ರಾತ್ರಿಯಲ್ಲಿ ಉಪನೋಂದಣಾಧಿಕಾರಿಗಳ ಕಚೇರಿಯ ಕೆಲಸ ಇಮ್ಮಡಿಯಾಯಿತೇ? ಕಾಗದ ಇಮ್ಮಡಿಯಾಯಿತೇ? ಕಾಯುವ ರೈತನಿಗೆ ಒಂದು ಬೆಂಚನ್ನಾದರೂ ಹಾಕಿದರೇ? ಹತ್ತು ಲಕ್ಷದ ಹೊಲವನ್ನು ಬರೆದುಕೊಳ್ಳುವ ಶ್ರಮಕ್ಕೂ ಐವತ್ತು ಲಕ್ಷದ ತೋಟವನ್ನು ಬರೆದುಕೊಳ್ಳುವ ಶ್ರಮಕ್ಕೂ ಐದು ಪಟ್ಟು ಅಂತರವಿದೆಯೇ? ಬೆರಳಚ್ಚು ಅದೇ, ಭಾವಚಿತ್ರ ಅದೇ. ಇದು ತೆರಿಗೆ. ಸರಕಾರಕ್ಕೆ ಹಣ ಬೇಕಾಗಿದ್ದರೆ ತೆರಿಗೆಯೆಂದೇ ಕರೆದು, ಶಾಸನಸಭೆಯ ಮುಂದೆ ತೆರಿಗೆಯೆಂದೇ ಇಟ್ಟು, ಜನತೆಗೆ ಕಾರಣ ಹೇಳಿ ಪಡೆಯಬೇಕಿತ್ತು.

ಇನ್ನೊಂದು, ಪ್ರಮಾಣಪತ್ರಿಕೆ. ಜನರ ಬಾಯಲ್ಲಿ ಅಫಿಡವಿಟ್ಟು. ಹೆಸರಿನಲ್ಲಿ ಒಂದು ಅಕ್ಷರ ತಪ್ಪಿದ್ದರೆ ಅಫಿಡವಿಟ್ಟು. ತಂದೆಯ ಹೆಸರು ಒಂದೆಡೆ ಶಿವಪ್ಪ ಇನ್ನೊಂದೆಡೆ ಶಿವಣ್ಣ ಎಂದಿದ್ದರೆ ಅಫಿಡವಿಟ್ಟು. ಕಾಗದ ಕಳೆದರೆ ಅಫಿಡವಿಟ್ಟು. ತಪ್ಪನ್ನು ಬರೆದದ್ದು ಬಹುಮಟ್ಟಿಗೆ ಯಾವುದೋ ಕಚೇರಿಯ ಕೈ. ತಿದ್ದಿಸುವ ವೆಚ್ಚ ಮಾತ್ರ ಹೆಸರಿನ ಒಡೆಯನದು. ಇದರ ಮುದ್ರಾಂಕ 20 ರೂಪಾಯಿ ಇದ್ದದ್ದು 2024ರ ಫೆಬ್ರವರಿಯಿಂದ 100 ರೂಪಾಯಿ ಆಯಿತು. ಶ್ರೀಮಂತನಿಗೆ ನೂರು ರೂಪಾಯಿ ಕಣ್ಣಿಗೇ ಕಾಣದು. ಅಫಿಡವಿಟ್ಟು ಮಾಡಿಸುವವರು ಹೆಚ್ಚಾಗಿ ಯಾರು? ದಾಖಲೆಗಳು ಸರಿಯಾಗಿಲ್ಲದವರು. ದಾಖಲೆಗಳು ಸರಿಯಾಗಿಲ್ಲದವರು ಯಾರು? ಅಕ್ಷರ ಬಾರದ ತಂದೆತಾಯಿಗಳ ಮಕ್ಕಳು. ಐದು ಪಟ್ಟು ಏರಿಕೆ ಬಿದ್ದದ್ದು ಅವರ ಮೇಲೆ.

ಇಷ್ಟಾದರೂ ಇದು ರಸೀದಿಯಲ್ಲಿ ಕಾಣುವ ಶುಲ್ಕ. ಕಾಣದುದರ ಲೆಕ್ಕಕ್ಕೆ ಬರೋಣ.

ದ್ವಿಚಕ್ರ ವಾಹನದ ಚಾಲನಾ ಪರವಾನಿಗೆಯನ್ನು ಉದಾಹರಣೆಗೆ ತೆಗೆದುಕೊಳ್ಳಿರಿ. ಈಗ ಹಳ್ಳಿಯ ತರುಣನಿಗೆ ಅದು ಭೋಗವಲ್ಲ, ಬದುಕು. 2016ರ ಡಿಸೆಂಬರಿನಲ್ಲಿ ಕೇಂದ್ರ ಸರಕಾರ ಹೊರಡಿಸಿದ ಅಧಿಸೂಚನೆಯಂತೆ ಕಲಿಕಾ ಪರವಾನಿಗೆಗೆ 150, ಅದರ ಪರೀಕ್ಷೆಗೆ 50, ಚಾಲನಾ ಪರೀಕ್ಷೆಗೆ 300, ಪರವಾನಿಗೆ ನೀಡಿಕೆಗೆ 200. ಒಟ್ಟು 700 ರೂಪಾಯಿ. ಕಾರ್ಡಿನ ಹಣ ಇದಕ್ಕೆ ಹೊರತು. ಅದಕ್ಕೆ ಮುಂಚೆ ಕಲಿಕಾ ಪರವಾನಿಗೆಗೆ ಇದ್ದದ್ದು 30 ರೂಪಾಯಿ, ಚಾಲನಾ ಪರೀಕ್ಷೆಗೆ 50. ಇರಲಿ, ಬೆಲೆಗಳು ಏರಿವೆ, ಶುಲ್ಕವೂ ಏರಲಿ. ಈಗ ಆ ತರುಣನ ದಿನಗಳನ್ನು ಎಣಿಸಿರಿ. ಉದ್ಯೋಗ ಖಾತ್ರಿ ಯೋಜನೆಯಡಿ 2025-26ನೆಯ ಸಾಲಿಗೆ ಕರ್ನಾಟಕದಲ್ಲಿ ನಿಗದಿಯಾದ ದಿನಗೂಲಿ 370 ರೂಪಾಯಿ. ದುಡಿಯುವವನ ಒಂದು ದಿನದ ಬೆಲೆಯೆಂದು ಸರಕಾರವೇ ಒಪ್ಪಿದ ಮೊತ್ತವದು. ಸಾರಿಗೆ ಕಚೇರಿ ಇರುವುದು ಅವನ ಊರಿನಲ್ಲಲ್ಲ. ಎಲ್ಲವೂ ಸುಗಮವಾಗಿ ನಡೆದು ಎರಡೇ ದಿನ ಹೋದರೆ ಅವನ ನಷ್ಟ 740 ರೂಪಾಯಿ. ಅಲ್ಲಿಗೇ ಶುಲ್ಕವನ್ನು ಮೀರಿತು. ‘ಸರ್ವರ್ ಇಲ್ಲ’, ‘ಸಾಹೇಬರು ಮೀಟಿಂಗಿಗೆ ಹೋಗಿದ್ದಾರೆ’, ‘ಆಧಾರಿನಲ್ಲಿ ಇನಿಶಿಯಲ್ ಬೇರೆ ಇದೆ’ ಎಂಬ ಮೂರು ಮಂತ್ರಗಳಲ್ಲಿ ಎರಡನ್ನು ಕೇಳಿ ಅವನು ನಾಲ್ಕು ದಿನ ಅಲೆದರೆ 1,480 ರೂಪಾಯಿ. ಬಸ್ಸಿನ ಚಾರ್ಜು, ನೆರಳಚ್ಚು ಪ್ರತಿ, ಮಧ್ಯಾಹ್ನದ ಊಟ ಇವನ್ನು ನಾವು ಎಣಿಸಿಯೇ ಇಲ್ಲ. ಕಲಿಕಾ ಪರೀಕ್ಷೆಯನ್ನು ಈಗ ಮನೆಯಿಂದಲೇ ಬರೆಯಬಹುದೆಂದು ಹೇಳುವವರಿದ್ದಾರೆ. ಒಳ್ಳೆಯದೇ. ಗಣಕಯಂತ್ರ, ಅದನ್ನು ಬಲ್ಲ ಕೈ, ಕಡಿಯದ ಸಂಪರ್ಕ ಈ ಮೂರೂ ಇರುವ ಮನೆಗೆ ಅದು ಒಳ್ಳೆಯದು. ಇಲ್ಲದ ಮನೆಯವನು ಅಂಗಡಿಗೆ ಹೋಗಿ ಹಣ ಕೊಟ್ಟು ಅರ್ಜಿ ತುಂಬಿಸುತ್ತಾನೆ. ಸಾಲು ಕಚೇರಿಯಿಂದ ಅಂಗಡಿಗೆ ಸ್ಥಳಾಂತರವಾಯಿತು, ಅಷ್ಟೆ.

ತಿಂಗಳ ಸಂಬಳದವನಿಗೆ ಇಲ್ಲಿ ನಷ್ಟವಿಲ್ಲ, ಅವನಿಗೆ ರಜೆಯಿದೆ. ದಿನಗೂಲಿಯವನಿಗೆ ರಜೆಯೆಂದರೆ ಒಲೆ ಹೊತ್ತದ ದಿನ. ಒಂದೇ ಪರವಾನಿಗೆಗೆ, ಒಂದೇ ಫಲಕದ ಕೆಳಗೆ ನಿಂತು, ಬಡವನು ಉಳ್ಳವನಿಗಿಂತ ಹೆಚ್ಚು ಕೊಡುತ್ತಾನೆ. ಎಲ್ಲರಿಗೂ ಸಮಾನ ಶುಲ್ಕ ಎಂಬ ಘೋಷಣೆಯನ್ನು ಕೇಳಿದಾಗಲೆಲ್ಲ ಈ ಮಾತು ನೆನಪಿರಲಿ.

ವಿಳಂಬದ ಮಾತು ಬಂದಾಗ ಪ್ರಭುತ್ವದ ತಕ್ಕಡಿ ಹೇಗೆ ವಾಲುತ್ತದೆಂಬುದನ್ನೂ ನೋಡಿರಿ. 2011ರಲ್ಲಿ ನಮ್ಮ ರಾಜ್ಯದಲ್ಲಿ ನಾಗರಿಕ ಸೇವಾ ಖಾತರಿ ಕಾಯ್ದೆಯಾಯಿತು. 2012ರ ಏಪ್ರಿಲಿನಿಂದ ‘ಸಕಾಲ’ವೆಂಬ ಹೆಸರಿನಲ್ಲಿ ರಾಜ್ಯದಾದ್ಯಂತ ಜಾರಿಗೆ ಬಂದಿತು. ಗೊತ್ತುಪಡಿಸಿದ ದಿನದೊಳಗೆ ಸೇವೆ ದೊರೆಯದಿದ್ದರೆ ಅರ್ಜಿದಾರನಿಗೆ ದಿನಕ್ಕೆ 20 ರೂಪಾಯಿ ಪರಿಹಾರ, ಗರಿಷ್ಠ 500 ರೂಪಾಯಿ ಎಂದು ಆ ಕಾಯ್ದೆ ಬರೆಯಿತು. ಹಾಗೆ ಬರೆದುದೇ ಒಂದು ದೊಡ್ಡ ಹೆಜ್ಜೆ. ಬರೆದವರಿಗೆ ನಮ್ಮ ಅಭಿನಂದನೆ ಸಲ್ಲುತ್ತದೆ. ಆದರೆ ಮಗ್ಗುಲಲ್ಲಿ ಇನ್ನೊಂದನ್ನು ಇಟ್ಟು ನೋಡೋಣ. 2016ರ ಅಧಿಸೂಚನೆಯಂತೆ, ಅವಧಿ ಮುಗಿದು ರಿಯಾಯಿತಿಯ ಕಾಲವೂ ಕಳೆದ ಮೇಲೆ ಪರವಾನಿಗೆ ನವೀಕರಿಸಲು ಬಂದವನು 300 ರೂಪಾಯಿ ಶುಲ್ಕದ ಜೊತೆಗೆ ತಡವಾದ ಪ್ರತಿ ವರ್ಷಕ್ಕೆ, ಅಥವಾ ವರ್ಷದ ಭಾಗಕ್ಕೆ, 1,000 ರೂಪಾಯಿ ತೆರಬೇಕು. ಅದಕ್ಕೆ ಗರಿಷ್ಠ ಮಿತಿಯಿಲ್ಲ. ಸರಕಾರ ತಡಮಾಡಿದರೆ ಗರಿಷ್ಠ ಐದು ನೂರು. ಪ್ರಜೆ ಒಂದು ದಿನ ತಡಮಾಡಿದರೂ ಒಂದು ಸಾವಿರ! ಅಷ್ಟಾಗಿ ಆ ಇಪ್ಪತ್ತು ರೂಪಾಯಿಗಳನ್ನು ಕೇಳಿ ಪಡೆದ ಭಕ್ತರು ನಮ್ಮ ಓದುಗರಲ್ಲಿ ಎಷ್ಟು ಮಂದಿ ಇದ್ದೀರಿ? ಅದನ್ನು ಪಡೆಯಲು ಮತ್ತೊಂದು ಅರ್ಜಿ, ಮತ್ತೊಂದು ದಿನ. ಮುಂದೆಯೂ ಅದೇ ಮೇಜಿನ ಮುಂದೆಯೇ ನಿಲ್ಲಬೇಕೆಂಬ ಅಂಜಿಕೆ ಬೇರೆ.

ಇದಕ್ಕಿಂತ ವಿಚಿತ್ರವಾದುದು ತತ್ಕಾಲ್ ಎಂಬ ಏರ್ಪಾಡು. ಪಾಸ್‌ಪೋರ್ಟಿಗೆ ಸಾಮಾನ್ಯ ಶುಲ್ಕ 1,500 ರೂಪಾಯಿ. ಬೇಗ ಬೇಕಾದರೆ ಮೇಲೆ 2,000. ತುರ್ತಿನವರಿಗೆ ಒಂದು ದಾರಿಯಿರಲೆಂಬುದು ತಪ್ಪಲ್ಲ. ಆದರೆ ಬೇಗನೆ ಕೊಡುವುದನ್ನು ಪ್ರಭುತ್ವವೇ ಮಾರಾಟಕ್ಕಿಟ್ಟ ಮೇಲೆ, ಸಾಮಾನ್ಯ ಸಾಲು ನಿಧಾನವಾಗಿರುವುದರಲ್ಲಿ ಅದಕ್ಕೊಂದು ಲಾಭ ಹುಟ್ಟಿಬಿಡುತ್ತದೆ. ಮೇಜಿನ ಮೇಲೆ ರಸೀದಿ ಕೊಟ್ಟು ಮಾಡುವ ಇದನ್ನು ಕಂಡವನೊಬ್ಬ ಮೇಜಿನ ಕೆಳಗೆ ಕೈಯೊಡ್ಡಿ ಅದನ್ನೇ ಮಾಡಿದರೆ, ವ್ಯತ್ಯಾಸವೇನೆಂದು ಒಬ್ಬ ಹಳ್ಳಿಗ ಕೇಳಿದನೆನ್ನಿ. ಒಮ್ಮೆಗೇ ಉತ್ತರ ಹೇಳಬಲ್ಲಿರಾ?

ಮಧ್ಯವರ್ತಿ ಹುಟ್ಟುವುದು ಇಲ್ಲಿಯೇ. ಅವನನ್ನು ಬೈಯುವುದು ಸುಲಭ. ಅವನು ಮಾರುವುದು ಪರವಾನಿಗೆಯನ್ನಲ್ಲ. ಬಡವನ ಮೂರು ದಿನಗಳನ್ನು ಬಡವನಿಗೇ ಮರಳಿ ಮಾರುತ್ತಾನೆ. ಆ ದಿನಗಳನ್ನು ಕಚೇರಿ ಕಸಿದುಕೊಳ್ಳದಿದ್ದರೆ ಅವನ ಅಂಗಡಿ ತೆರೆಯುತ್ತಲೇ ಇರಲಿಲ್ಲ. ಇನ್ನು ಲಂಚದ ಮಾತು: 2018ರಲ್ಲಿ ಭ್ರಷ್ಟಾಚಾರ ತಡೆ ಕಾಯ್ದೆಗೆ ಆದ ತಿದ್ದುಪಡಿಯಿಂದ ಕೊಡುವವನೂ ಅಪರಾಧಿಯಾಗುತ್ತಾನೆ, ಏಳು ವರ್ಷಗಳವರೆಗೆ ಸೆರೆವಾಸಕ್ಕೆ ಅವಕಾಶವಿದೆ. ಬಲವಂತಕ್ಕೆ ಸಿಕ್ಕಿ ಕೊಟ್ಟವನು ಏಳು ದಿನಗಳೊಳಗೆ ಅಧಿಕಾರಿಗಳಿಗೆ ತಿಳಿಸಿದರೆ ಮಾತ್ರ ವಿನಾಯಿತಿ. ಭಕ್ತರು ಇದನ್ನು ತಿಳಿದಿರಬೇಕು. ‘ಎಲ್ಲರೂ ಕೊಡುತ್ತಾರೆ ಬುದ್ಧೀ’ ಎಂದು ಮಠಕ್ಕೆ ಬಂದು ಹೇಳುವವರಿಗೆ ನಾವು ಈ ಏಳು ದಿನಗಳನ್ನೇ ಹೇಳುತ್ತೇವೆ.

ಹಾಗಾದರೆ ಇದೆಲ್ಲ ವಿಧಿಲಿಖಿತವೇ? ಅಲ್ಲ. ಅಲ್ಲವೆಂಬುದಕ್ಕೆ ಸಾಕ್ಷ್ಯ ನಮ್ಮ ರಾಜ್ಯದಲ್ಲಿಯೇ ಇದೆ. ಶಾನುಭೋಗರ, ಕುಲಕರ್ಣಿಗಳ ವಂಶಪಾರಂಪರ್ಯ ಹಕ್ಕು 1961ರ ಕಾಯ್ದೆಯಿಂದ ಹೋಯಿತು. ಅವರ ಜಾಗಕ್ಕೆ ಗ್ರಾಮಲೆಕ್ಕಿಗರು ಬಂದರು. ಆದರೂ ಪಹಣಿಯ ಪುಸ್ತಕ ಒಬ್ಬನ ಕಂಕುಳಲ್ಲಿಯೇ ಉಳಿಯಿತು. ಎರಡು ಸಾವಿರದನೆಯ ಇಸವಿಯ ಸುಮಾರಿಗೆ ‘ಭೂಮಿ’ ಯೋಜನೆಯಲ್ಲಿ 67 ಲಕ್ಷ ಹಿಡುವಳಿದಾರರ ಸುಮಾರು ಎರಡು ಕೋಟಿ ದಾಖಲೆಗಳನ್ನು ಗಣಕಯಂತ್ರಕ್ಕೆ ಏರಿಸಿದರು. ತಾಲ್ಲೂಕು ಕೇಂದ್ರದಲ್ಲಿ 15 ರೂಪಾಯಿ ಕೊಟ್ಟು ರೈತ ಪಹಣಿ ಪಡೆಯಬಹುದಾಯಿತು. ಬೆಂಗಳೂರಿನ ಪಬ್ಲಿಕ್ ಅಫೇರ್ಸ್ ಸೆಂಟರ್ 2002ರಲ್ಲಿ ನಡೆಸಿದ ಸಮೀಕ್ಷೆಯಲ್ಲಿ, ಹಳೆಯ ಕೈಬರಹದ ಪದ್ಧತಿಯಲ್ಲಿ ಪಹಣಿ ಪಡೆದವರಲ್ಲಿ ಶೇಕಡಾ 66 ಮಂದಿ ಲಂಚ ಕೊಟ್ಟುದಾಗಿ ಹೇಳಿದರು. ಹೊಸ ಕೇಂದ್ರದಲ್ಲಿ ಪಡೆದವರಲ್ಲಿ ಹಾಗೆ ಹೇಳಿದವರು ಶೇಕಡಾ 3. ಹದಿನೈದು ರೂಪಾಯಿ ಹೆಚ್ಚಾಯಿತೆಂದು ರೈತರು ದಂಗೆಯೇಳಲಿಲ್ಲ, ಸಂತೋಷದಿಂದ ಕೊಟ್ಟರು. ಕೆಲಸ ಆಯಿತು, ರಸೀದಿ ಬಂತು, ಸಂಜೆಯೊಳಗೆ ಮನೆ ಸೇರಿದರು. ನಮ್ಮ ಜನ ಕೊಡಲೊಲ್ಲದವರಲ್ಲ. ಕೊಟ್ಟದ್ದಕ್ಕೆ ಪಡೆಯಲಿಲ್ಲವೆಂಬುದೇ ಅವರ ಸಂಕಟ. ಅದೇ ಗಣಕಯಂತ್ರವನ್ನು ಇತರ ಇಲಾಖೆಗಳಲ್ಲಿ ತಂದಿಟ್ಟೂ ಸಾಲು ಕರಗದಿದ್ದರೆ ದೋಷ ಯಂತ್ರದ್ದಲ್ಲ. ‘ಭೂಮಿ’ ಗೆದ್ದದ್ದು ಪುಸ್ತಕವನ್ನು ಒಬ್ಬನ ಕೈಯಿಂದ ಬಿಡಿಸಿದ್ದಕ್ಕೆ.

ಜನನ ನೋಂದಣಿಯಲ್ಲಿ ಇನ್ನೊಂದು ಪಾಠವಿದೆ. 1969ರ ಕಾಯ್ದೆಯಡಿ ಇಪ್ಪತ್ತೊಂದು ದಿನಗಳೊಳಗೆ ನೋಂದಾಯಿಸಿದರೆ ಶುಲ್ಕವಿಲ್ಲ, ಪ್ರಮಾಣಪತ್ರವೂ ಉಚಿತ. ತಡವಾದರೆ 1999ರ ನಿಯಮಗಳಲ್ಲಿದ್ದ ವಿಳಂಬ ಶುಲ್ಕ ಎರಡು, ಐದು, ಹತ್ತು ರೂಪಾಯಿ. ಎಂತಹ ಔದಾರ್ಯ! ಆದರೆ ವರ್ಷ ದಾಟಿದರೆ ಆ ಹತ್ತು ರೂಪಾಯಿಯ ಜೊತೆಗೆ ಪ್ರಥಮ ದರ್ಜೆಯ ಮ್ಯಾಜಿಸ್ಟ್ರೇಟರ ಆದೇಶ ಬೇಕಾಗಿತ್ತು. ವಕೀಲರು, ವಾಯಿದೆಗಳು, ಸಾಕ್ಷಿಗಳು. ಹತ್ತು ರೂಪಾಯಿಯ ಪತ್ರಕ್ಕೆ ಸಾವಿರಾರು. 2023ರ ತಿದ್ದುಪಡಿ ಈ ಅಧಿಕಾರವನ್ನು ಜಿಲ್ಲಾಧಿಕಾರಿ, ಉಪವಿಭಾಗಾಧಿಕಾರಿ ಮೊದಲಾದ ಕಂದಾಯ ಆಡಳಿತದವರಿಗೆ ವಹಿಸಿತು; ತಿಂಗಳಿಂದ ವರ್ಷದೊಳಗಿನ ನೋಂದಣಿಗೆ ಬೇಕಿದ್ದ ನೋಟರಿಯ ಅಫಿಡವಿಟ್ಟನ್ನು ತೆಗೆದು ಸ್ವಯಂ ದೃಢೀಕೃತ ಪತ್ರ ಸಾಕೆಂದಿತು. ಎರಡನೆಯ ಆಡಳಿತ ಸುಧಾರಣಾ ಆಯೋಗ 2009ರಲ್ಲಿಯೇ ಪ್ರಜೆಯ ಮಾತನ್ನು ನಂಬಿರೆಂದು ಹೇಳಿತ್ತು. ಅಫಿಡವಿಟ್ಟಿನ ಈ ಎರಡು ಸಾಲು ಕಾನೂನಿಗೆ ಸೇರಲು ಹದಿನಾಲ್ಕು ವರ್ಷ ಹಿಡಿಯಿತು. ಸೇರಿದ ದಿನ ಆಕಾಶವೇನೂ ಕಳಚಿಬೀಳಲಿಲ್ಲ. ಒಂದು ಸರಕಾರ ಅಫಿಡವಿಟ್ಟು ಬೇಡವೆನ್ನುವ ಕಾಲದಲ್ಲಿಯೇ ಇನ್ನೊಂದು ಸರಕಾರ ಅದರ ಮುದ್ರಾಂಕವನ್ನು ಐದು ಪಟ್ಟು ಏರಿಸಿದ್ದನ್ನು ನೋಡಿದರೆ, ಎರಡಕ್ಕೂ ತೆರಿಗೆ ಕೊಡುವ ಪ್ರಜೆ ಯಾವುದನ್ನು ನಂಬಬೇಕೋ ತಿಳಿಯದು.

ಬೊಕ್ಕಸ ನಡೆಯುವುದು ಹೇಗೆಂದು ಕೇಳುವವರುಂಟು. ಐವತ್ತು ದಾಟಿದ ಓದುಗರಿಗೆ ಊರ ಬಾಯಲ್ಲಿದ್ದ ಜಕಾತಿ ನಾಕೆ ನೆನಪಿದ್ದೀತು. ಅಂಚೆ ಕಚೇರಿಗೆ ಹೋಗಿ ರೇಡಿಯೋದ ಲೈಸೆನ್ಸ್ ಪುಸ್ತಕಕ್ಕೆ ಚೀಟಿ ಅಂಟಿಸಿಕೊಂಡು ಬರುತ್ತಿದ್ದುದೂ ನೆನಪಿದ್ದೀತು. ರೇಡಿಯೋ ಕೇಳಲು ಅಪ್ಪಣೆ! 1980ರ ದಶಕದಲ್ಲಿ ಅದು ಹೋಯಿತು. ಕರ್ನಾಟಕದಲ್ಲಿ 1979ರಲ್ಲಿ ಜಕಾತಿಯೂ ಹೋಯಿತು. ಜಕಾತಿಯ ಬದಲಿಗೆ ಪ್ರವೇಶ ತೆರಿಗೆ ಬಂದಿತೆಂಬುದು ನಿಜ. ಹಣ ಬೇರೆ ದಾರಿಯಿಂದ ಬೊಕ್ಕಸ ಸೇರಿತು. ಆದರೆ ಗಾಡಿ ಹೊಡೆಯುವವನು ನಾಕೆಯಲ್ಲಿ ತಾಸುಗಟ್ಟಲೆ ನಿಲ್ಲುವುದು ತಪ್ಪಿತು. ನಾವು ಹೇಳುತ್ತಿರುವುದೂ ಇಷ್ಟೇ. ಸರಕಾರಕ್ಕೆ ಹಣ ಬೇಕು, ಪಡೆಯಲಿ. ದಿನಗಳನ್ನು ಪಡೆಯುವುದೇಕೆ? ಪ್ರಜೆ ಕಳೆದುಕೊಂಡ ದಿನ ಯಾವ ಬೊಕ್ಕಸವನ್ನೂ ಸೇರುವುದಿಲ್ಲ. ಅದು ಬರಿಯ ನಾಶ.

ಈಗ ಮಠದ ಹಳೆಯ ವಿದ್ಯಾರ್ಥಿಗಳಾದ ನಿಮ್ಮಲ್ಲಿ ಒಂದು ಮಾತು. ನಿಮ್ಮಲ್ಲಿ ಅನೇಕರು ಇಂದು ಮೇಜಿನ ಈ ಬದಿಯಲ್ಲಿಲ್ಲ, ಆ ಬದಿಯಲ್ಲಿದ್ದೀರಿ. ತಹಸೀಲದಾರರಿದ್ದೀರಿ, ಶಿರಸ್ತೇದಾರರಿದ್ದೀರಿ, ಗ್ರಾಮ ಆಡಳಿತಾಧಿಕಾರಿಗಳಿದ್ದೀರಿ, ಪುರಸಭೆಯ ಮುಖ್ಯಾಧಿಕಾರಿಗಳಿದ್ದೀರಿ. ನಿಮ್ಮ ಹೆಸರಿನ ಮುಂದೆ ಆ ಪದವಿಗಳನ್ನು ಕಂಡು ಮಠ ಹೆಮ್ಮೆಪಡುತ್ತದೆ. ಈ ಮಠದ ಪ್ರಸಾದ ನಿಲಯದಲ್ಲಿ ಉಂಡು ಓದಿದ ಹುಡುಗ ಇಂದು ಸಹಿ ಮಾಡುವ ಸ್ಥಾನದಲ್ಲಿ ಕುಳಿತಿದ್ದಾನೆಂದರೆ, ಆ ಅನ್ನಕ್ಕೆ ಜೋಳ ಕೊಟ್ಟವನು ಆ ಸಹಿಗಾಗಿ ಹೊರಗೆ ನಿಂತ ರೈತನೇ ಆಗಿರಬಹುದು. ಸುಗ್ಗಿಯಲ್ಲಿ ಮಠದ ಗಾಡಿ ಊರೂರಿಗೆ ಹೋದಾಗ ಅವನು ಚೀಲ ಹೊತ್ತು ತಂದು ಹಾಕಿದನು. ಯಾರ ಮಗ ಉಣ್ಣುತ್ತಾನೆಂದು ಕೇಳಲಿಲ್ಲ. ಆದಾಯದ ಪ್ರಮಾಣಪತ್ರವನ್ನೂ ಕೇಳಲಿಲ್ಲ.

ಅವನನ್ನು ನಾಳೆ ಬಾ ಎನ್ನುವಾಗ ನಾಳೆಯ ಬೆಲೆ 370 ರೂಪಾಯಿ ಎಂಬುದನ್ನು ಎಣಿಸಿಕೊಳ್ಳಿರಿ. ಒಂದು ದಾಖಲೆ ಕಡಿಮೆಯಿದೆ ಎಂದು ಹಿಂದಕ್ಕೆ ಕಳಿಸುವ ಮೊದಲು, ಆ ದಾಖಲೆ ನಿಮ್ಮದೇ ಇಲಾಖೆಯ ಕಪಾಟಿನಲ್ಲಿ ಇದೆಯೇ ನೋಡಿರಿ. ಸರಕಾರ ಕೊಟ್ಟ ಕಾಗದವನ್ನೇ ಸರಕಾರಕ್ಕೆ ತೋರಿಸಲು ಮನುಷ್ಯನೊಬ್ಬ ಒಂದು ಕೋಣೆಯಿಂದ ಇನ್ನೊಂದು ಕೋಣೆಗೆ ಟಪಾಲಿನಂತೆ ಓಡಾಡುತ್ತಾನೆ. ಜಾತಿಯನ್ನು ದೃಢೀಕರಿಸಿದ ಕಚೇರಿಯೇ ಮಗನ ಅರ್ಜಿಗೆ ತಂದೆಯ ಪತ್ರ ಕೇಳುತ್ತದೆ. ಕೊರತೆಗಳಿದ್ದರೆ ಮೊದಲ ದಿನವೇ ಎಲ್ಲವನ್ನೂ ಒಂದು ಚೀಟಿಯಲ್ಲಿ ಬರೆದುಕೊಡಿರಿ. ಇಂದು ಒಂದು, ನಾಡಿದ್ದು ಒಂದು ಎಂದು ಹೇಳಬೇಡಿರಿ. ಇದಕ್ಕೆ ಯಾವ ಸರಕಾರಿ ಆದೇಶವೂ ಬೇಕಿಲ್ಲ, ಯಾವ ಸಾಫ್ಟ್‌ವೇರೂ ಬೇಕಿಲ್ಲ. ಮೇಲಧಿಕಾರಿಗಳ ಒತ್ತಡ, ಸಿಬ್ಬಂದಿಯ ಕೊರತೆ, ಚುನಾವಣೆಯ ಕೆಲಸ ಇವೆಲ್ಲ ನಮಗೆ ತಿಳಿಯದ ಸಂಗತಿಗಳಲ್ಲ. ಒಬ್ಬ ಗುಮಾಸ್ತನು ಮೂವರ ಕೆಲಸ ಮಾಡುತ್ತಿರುವ ಕಚೇರಿಗಳಿವೆ. ಆ ಭಾರವನ್ನು ಸರಕಾರದ ಮೇಲೆ ಹೊರಿಸಿರಿ, ಅದಕ್ಕಾಗಿ ಹೋರಾಡಿರಿ, ಮಠ ನಿಮ್ಮೊಡನೆ ಬರುತ್ತದೆ. ಮರದ ಕೆಳಗೆ ಕುಳಿತವನ ಮೇಲೆ ಮಾತ್ರ ಹೊರಿಸಬೇಡಿರಿ.

ಶಾಸನಸಭೆಯಲ್ಲಿರುವ ಭಕ್ತರಿಗೂ ಈ ಪತ್ರಿಕೆ ಹೋಗುತ್ತದೆ. ಶುಲ್ಕವೊಂದನ್ನು ಏರಿಸುವ ಪ್ರಸ್ತಾಪ ಮುಂದೆ ಬಂದಾಗ, ಆ ಸೇವೆಗೆ ಸರಕಾರ ಮಾಡುವ ವೆಚ್ಚವೆಷ್ಟು, ಅದನ್ನು ಪಡೆಯಲು ಪ್ರಜೆ ಕಳೆಯುವ ದಿನಗಳೆಷ್ಟು ಎಂಬ ಎರಡು ಅಂಕಿಗಳನ್ನು ಮಂತ್ರಿಗಳಿಂದ ಕೇಳಿ ಪಡೆಯಿರಿ. ಸಕಾಲದ ಪರಿಹಾರವನ್ನು ಒಂದು ದಿನದ ಕೂಲಿಗೆ ಕಟ್ಟಿರಿ. ಅರ್ಜಿಯಿಲ್ಲದೆ ತಾನಾಗಿ ಅರ್ಜಿದಾರನ ಖಾತೆಗೆ ಹೋಗುವಂತೆ ಮಾಡಿರಿ. ದಂಡವನ್ನು ತಾನಾಗಿ ಲೆಕ್ಕಹಾಕುವ ಯಂತ್ರಕ್ಕೆ ಪರಿಹಾರವನ್ನು ಲೆಕ್ಕಹಾಕಲು ಬಾರದೆಂದರೆ ನಾವು ನಂಬುವುದಿಲ್ಲ.

ಕೊನೆಯದಾಗಿ ಭಕ್ತರಲ್ಲಿ ಒಂದು ಕೋರಿಕೆ. ಕಳೆದ ಒಂದು ವರ್ಷದಲ್ಲಿ ತಾವು ಪಡೆದ ಯಾವುದಾದರೂ ಒಂದು ಪ್ರಮಾಣಪತ್ರವನ್ನೋ ಪರವಾನಿಗೆಯನ್ನೋ ಆರಿಸಿಕೊಂಡು, ಅದರ ರಸೀದಿಯ ಮೊತ್ತವೆಷ್ಟು, ಹೋದ ದಿನಗಳೆಷ್ಟು, ಬಸ್ಸಿಗೆ, ಬರೆಸುವುದಕ್ಕೆ, ನೆರಳಚ್ಚಿಗೆ ಆದುದೆಷ್ಟು ಎಂದು ಒಂದು ಅಂಚೆಕಾರ್ಡಿನಲ್ಲಿ ಬರೆದು ಈ ಪತ್ರಿಕೆಯ ವಿಳಾಸಕ್ಕೆ ಕಳಿಸಿರಿ. ಬರೆಯಲು ಬಾರದವರಿಗೆ ಮಕ್ಕಳು ಬರೆದುಕೊಡಲಿ. ಅಧಿಕಾರಿಗಳ ಹೆಸರು ಬೇಡ, ತಮ್ಮ ಹೆಸರೂ ಬೇಡ. ತಾಲ್ಲೂಕಿನ ಹೆಸರು ಮತ್ತು ಅಂಕಿಗಳು ಸಾಕು. ಬಂದವುಗಳನ್ನು ತಾಲ್ಲೂಕುವಾರು ಕೂಡಿಸಿ ಇದೇ ಪುಟಗಳಲ್ಲಿ ಅಚ್ಚುಮಾಡಿಸುತ್ತೇವೆ. ಒಂದು ಪ್ರತಿಯನ್ನು ಜಿಲ್ಲಾಧಿಕಾರಿಗಳಿಗೂ ಕಳಿಸುತ್ತೇವೆ.